ಡಿಕ್ರಿ ಕೈಯಲ್ಲಿದೆ, ರೊಕ್ಕ ಎಲ್ಲಿದೆ?

ನಮ್ಮ ಕಾಕಾ ಕೋರ್ಟಿನಲ್ಲಿ ಗೆದ್ದ ದಿನ ಮನೆಗೆ ಅರ್ಧ ಕೆಜಿ ಪೇಡೆ ಬಂದಿತ್ತು. ಆಳಂದದಲ್ಲಿ ಅವರದು ಬೀಜ-ಗೊಬ್ಬರದ ಅಂಗಡಿ. ಮನೆ ಕಟ್ಟಿ ಮಾರುವ ಒಬ್ಬ ಗುತ್ತಿಗೆದಾರನಿಗೆ 4 ಲಕ್ಷ ರೂಪಾಯಿ ಕೈಗಡ ಕೊಟ್ಟಿದ್ದರು. ದೂರದ ಸಂಬಂಧಿ ಬೇರೆ. ಕೇಳಿದಾಗಲೆಲ್ಲ "ತೊಗರಿ ರಾಶಿ ಆಗ್ಲಿ", "ಜಾತ್ರಿ ಮುಗೀಲಿ" ಅನ್ನುತ್ತಿದ್ದ. ಕೊನೆಗೆ ಒಂದು ದಿನ ಮುಖಕ್ಕೇ ಹೇಳಿಬಿಟ್ಟ: "ಕೋರ್ಟಿಗಿ ಹೋಗ್ರಿ ಕಾಕಾ, ಯಾರ್ ಬ್ಯಾಡ ಅಂದಾರ?"

ಹೋದರು. ಪ್ರಾಮಿಸರಿ ನೋಟು ಇತ್ತು, ಸಾಕ್ಷಿ ಇದ್ದರು. ತಡವಾದರೂ ಡಿಕ್ರಿ ಬಂತು. ಅದರ ನಕಲನ್ನು ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ, ಹೊಲದ ಪಹಣಿಯ ಜೊತೆ ಅಲ್ಮೇರಾದಲ್ಲಿಟ್ಟರು. ಇನ್ನೇನು, ಅವನೇ ತಂದು ಕೊಡ್ತಾನೆ ಅನ್ನೋದು ಅವರ ಲೆಕ್ಕ. ಎರಡು ವರ್ಷ ಕಳೆದರೂ ಅವನು ಬರಲಿಲ್ಲ. ಆ ಅಲ್ಮೇರಾದಲ್ಲಿ ಡಿಕ್ರಿ ಸುಮ್ನೆ ಮಲಗಿತ್ತು.

ಕೋರ್ಟು ಡಿಕ್ರಿ ಕೊಟ್ಟಿತು ಅಂದರೆ ಸಾಲ ವಸೂಲಾಯಿತು ಅಂತ ನಮ್ಮಲ್ಲಿ ಬಹಳ ಜನ ತಿಳಿದಿದ್ದಾರೆ. ಹಾಗಿಲ್ಲ. "ಇವನು ಅವನಿಗೆ ಇಷ್ಟು ಕೊಡಬೇಕು" ಅಂತ ಡಿಕ್ರಿ ಹೇಳುತ್ತದೆ, ಅಷ್ಟೇ. ಕೊಡಿಸಬೇಕಾದರೆ ಮತ್ತೊಂದು ಅರ್ಜಿ ಹಾಕಬೇಕು. ಅದು ಅಮಲ್ಜಾರಿ ಅರ್ಜಿ, ವಕೀಲರ ಬಾಯಲ್ಲಿ ಎಕ್ಸಿಕ್ಯೂಷನ್. ಅದಕ್ಕೆ ಬೇರೆ ನಂಬರು, ಬೇರೆ ತಾರೀಖುಗಳು, ಬೇರೆ ಫೀಸು. ಡಿಕ್ರಿ ಆದ ದಿನದಿಂದ 12 ವರ್ಷದೊಳಗೆ ಅದನ್ನು ಹಾಕಬೇಕು. ಆಮೇಲೆ ಆ ಕಾಗದಕ್ಕೆ ಬೆಲೆಯಿಲ್ಲ.

ಇದು ಇವತ್ತಿನ ತೊಂದರೆಯೇನಲ್ಲ. ಭಾರತದಲ್ಲಿ ದಾವೆ ಹೂಡಿದವನ ಕಷ್ಟ ಶುರುವಾಗುವುದೇ ಡಿಕ್ರಿ ಸಿಕ್ಕ ಮೇಲೆ ಅಂತ ಬ್ರಿಟಿಷರ ಕಾಲದಲ್ಲಿ ನಮ್ಮ ಕೊನೆಯ ಮೇಲ್ಮನವಿ ಕೋರ್ಟಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ ಹೇಳಿತ್ತು. ಒಂದೂವರೆ ಶತಮಾನ ಆಯಿತು. ವಕೀಲರು ಈಗಲೂ ಆ ಮಾತನ್ನು ನೆನಪಿಸಿಕೊಂಡು ನಗುತ್ತಾರೆ. ಕಕ್ಷಿದಾರ ನಗೋದಿಲ್ಲ.

2021ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಒಂದು ಗಡುವು ಹಾಕಿತು. ಅದು ನಮ್ಮ ರಾಜ್ಯದಿಂದಲೇ ಹೋದ ಪ್ರಕರಣ, ಬೆಂಗಳೂರಿನ ಒಂದು ಆಸ್ತಿಯ ಜಗಳ. ಅಮಲ್ಜಾರಿ ಅರ್ಜಿಯನ್ನು ಹಾಕಿದ ಆರು ತಿಂಗಳೊಳಗೆ ಮುಗಿಸಬೇಕು, ತಡವಾದರೆ ಕಾರಣ ಬರೆದಿಡಬೇಕು ಅಂತ ತೀರ್ಪಾಯಿತು. ನಾಲ್ಕು ವರ್ಷ ಬಿಟ್ಟು, 2025ರ ಮಾರ್ಚ್‌ನಲ್ಲಿ, ತಮಿಳುನಾಡಿನ ಇನ್ನೊಂದು ಪ್ರಕರಣದಲ್ಲಿ ಅದೇ ಕೋರ್ಟ್ ಅದೇ ಮಾತನ್ನು ಮತ್ತೆ ಹೇಳಬೇಕಾಯಿತು. ಎಲ್ಲ ಹೈಕೋರ್ಟುಗಳಿಂದ ಲೆಕ್ಕವನ್ನೂ ಕೇಳಿತು. ಅಕ್ಟೋಬರ್‌ನಲ್ಲಿ ಬಂದ ಲೆಕ್ಕ ಹೀಗಿತ್ತು: ದೇಶದಲ್ಲಿ ಬಾಕಿ ಇರುವ ಅಮಲ್ಜಾರಿ ಅರ್ಜಿಗಳು 8,82,578. ಮಹಾರಾಷ್ಟ್ರ ಒಂದರಲ್ಲೇ 3.4 ಲಕ್ಷಕ್ಕೂ ಜಾಸ್ತಿ. ಕರ್ನಾಟಕದ್ದು? ನಮ್ಮ ರಾಜ್ಯದ ಅಂಕಿಅಂಶ ಆ ಹೊತ್ತಿಗೆ ಹೋಗಿರಲೇ ಇಲ್ಲ. ನ್ಯಾಯಪೀಠ ಅದಕ್ಕೆ ವಿವರಣೆ ಕೇಳಿತು. ಅಂದರೆ ಆ 8.82 ಲಕ್ಷದಲ್ಲಿ ಕಲಬುರಗಿ, ಬೀದರ್, ಯಾದಗಿರಿಯ ಒಂದು ಅರ್ಜಿಯೂ ಸೇರಿಲ್ಲ.

ತಡಕ್ಕೆ ಕಾರಣ ಕೇಳಿದರೆ ಸಿಗುವ ಉತ್ತರ ಒಂದೇ. ಜಡ್ಜ್ ಕಡಿಮೆ, ಕೇಸು ಜಾಸ್ತಿ. ಅದು ನಿಜವೇ. ಆದರೆ ನನಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಬಡ್ಡಿಯ ಲೆಕ್ಕ. ಅದನ್ನು ಯಾರೂ ಅಷ್ಟಾಗಿ ಮಾತಾಡುವುದಿಲ್ಲ.

ನಮ್ಮ ಕಡೆ ಕೈಗಡ ಅಂದರೆ ತಿಂಗಳಿಗೆ ನೂರಕ್ಕೆ ಎರಡು ರೂಪಾಯಿ. ಗರಜು ಜಾಸ್ತಿ ಇದ್ದರೆ ಮೂರು. ಎರಡು ಅಂತಲೇ ಹಿಡಿಯಿರಿ. 4 ಲಕ್ಷಕ್ಕೆ ವರ್ಷಕ್ಕೆ 96,000 ಬಡ್ಡಿ ಆಯಿತು. ಡಿಕ್ರಿ ಆದ ಮೇಲೆ ಏನಾಗುತ್ತದೆ? ಸಿವಿಲ್ ಪ್ರಕ್ರಿಯಾ ಸಂಹಿತೆಯ 34ನೇ ಕಲಂ ಪ್ರಕಾರ, ವ್ಯಾಪಾರದ ವ್ಯವಹಾರ ಅಲ್ಲದ ಸಾಲಕ್ಕೆ ಡಿಕ್ರಿ ನಂತರದ ಬಡ್ಡಿ ವರ್ಷಕ್ಕೆ ಶೇ 6 ದಾಟುವಂತಿಲ್ಲ. 4 ಲಕ್ಷಕ್ಕೆ 24,000. ಈಗ ಆ ಗುತ್ತಿಗೆದಾರನ ಜಾಗದಲ್ಲಿ ನಿಂತು ನೋಡಿ. ಬೇರೆ ಕಡೆ ಸಾಲ ಎತ್ತಿ ಕಾಕಾನ ಸಾಲ ತೀರಿಸಿದರೆ ವರ್ಷಕ್ಕೆ 96,000 ಕೊಡಬೇಕು. ಡಿಕ್ರಿಯನ್ನು ಹಾಗೇ ಬಿಟ್ಟರೆ 24,000 ಏರುತ್ತದೆ, ಅದನ್ನೂ ಈಗಲೇ ಕೊಡಬೇಕಿಲ್ಲ. ನಾಲ್ಕು ವರ್ಷ ಎಳೆದರೆ ಅವನಿಗೆ ಉಳಿಯುವುದು 2,88,000. ಇಡೀ ಊರಿನಲ್ಲಿ ಇದಕ್ಕಿಂತ ಸೋವಿ ಸಾಲ ಅವನಿಗೆ ಸಿಗೋದಿಲ್ಲ. ಕೊಡದೇ ಇರುವುದು ಅವನಿಗೆ ಹಟವೂ ಹೌದು, ಒಳ್ಳೇ ವ್ಯವಹಾರವೂ ಹೌದು.

ಹಾಗಂತ ಬಡ್ಡಿ ಏರಿಸಿ ಅಂತ ನಾನು ಹೇಳುತ್ತಿಲ್ಲ. ಏರಿಸಿದರೆ ನಿಜವಾಗಿ ಇಲ್ಲದವನು ಮುಳುಗುತ್ತಾನೆ. ಈ ವಿಷಯದ ತೊಡಕು ಇರುವುದೇ ಅಲ್ಲಿ. ಕೊಡಲಾಗದವನು ಒಬ್ಬ, ಕೊಡಲು ಮನಸ್ಸಿಲ್ಲದವನು ಇನ್ನೊಬ್ಬ. ಕೋರ್ಟಿನ ಬಾಗಿಲಲ್ಲಿ ಇಬ್ಬರೂ ಒಂದೇ ಥರ ಕೈ ಕಟ್ಟಿ ನಿಲ್ಲುತ್ತಾರೆ. ಇಬ್ಬರೂ ಹೇಳುವುದು ಒಂದೇ ಮಾತು: "ಸಾಹೇಬ್ರ, ನನ್ ಕಡೆ ಏನೂ ಇಲ್ಲ."

ಕಾನೂನು ಮೊದಲನೆಯವನನ್ನು ಕಾಯುತ್ತದೆ. ಅದು ಸರಿಯಾದದ್ದೇ. ಏನೇನು ಜಪ್ತಿ ಮಾಡುವಂತಿಲ್ಲ ಅಂತ ಅದೇ ಸಂಹಿತೆಯ 60ನೇ ಕಲಂನಲ್ಲಿ ಪಟ್ಟಿಯೇ ಇದೆ. ಓದಿದರೆ ಒಂದು ಬಡ ಮನೆಯ ಒಳಗೆ ಹೋಗಿ ಬಂದ ಹಾಗಾಗುತ್ತದೆ. ತೊಡುವ ಬಟ್ಟೆ, ಅಡುಗೆ ಪಾತ್ರೆ, ಹಾಸಿಗೆ. ಧರ್ಮದ ರೂಢಿಯಂತೆ ಹೆಂಗಸು ಮೈಮೇಲಿಂದ ತೆಗೆಯಬಾರದ ಒಡವೆ, ಅಂದರೆ ನಮ್ಮಲ್ಲಿ ತಾಳಿ. ಕಸುಬುದಾರನ ಹತಾರ. ಬೀದರಿನ ಬಿದ್ರಿ ಕೆಲಸಗಾರನ ಉಳಿ-ಸುತ್ತಿಗೆಯನ್ನು ಜಪ್ತಿಗೆ ಬರುವ ಕೋರ್ಟಿನ ನೌಕರ, ಅಂದರೆ ಅಮೀನ, ಎತ್ತಿಕೊಂಡು ಹೋಗುವಂತಿಲ್ಲ. ಒಕ್ಕಲಿಗನಾದರೆ ಬೇಸಾಯದ ಸಾಮಾನು, ಬದುಕಿಗೆ ಬೇಕಾದ ಎತ್ತು, ಬಿತ್ತನೆ ಬೀಜ, ಅವನು ವಾಸವಿರುವ ಮನೆ. ಕೂಲಿಯವರ ಕೂಲಿ, ಭವಿಷ್ಯ ನಿಧಿ, ಸರ್ಕಾರಿ ಪಿಂಚಣಿ, ಜೀವ ವಿಮೆಯ ಹಣ. ಇವು ಯಾವುದನ್ನೂ ಮುಟ್ಟುವಂತಿಲ್ಲ.

ಇಲ್ಲಿ ಒಂದು ತಪ್ಪು ತಿಳಿವಳಿಕೆ ಬಹಳ ಹಬ್ಬಿದೆ. ಒಕ್ಕಲಿಗನ ಮನೆಗೆ ರಕ್ಷಣೆ ಇದೆ, ಹೊಲಕ್ಕೆ ಆ ರಕ್ಷಣೆ ಇಲ್ಲ. ಹೊಲವನ್ನು ಜಪ್ತಿ ಮಾಡಿ ಹರಾಜು ಹಾಕಬಹುದು. ಪರಿಶಿಷ್ಟರಿಗೆ ಸರ್ಕಾರ ಮಂಜೂರು ಮಾಡಿದ ಜಮೀನಿನ ವಿಷಯ ಬೇರೆ. ಅಂಥ ಜಮೀನಿನ ಪರಭಾರೆ ತಡೆಯುವ 1978ರ ಪಿಟಿಸಿಎಲ್ ಕಾಯ್ದೆಯ ನಿಷೇಧ ಸಿವಿಲ್ ಕೋರ್ಟಿನ ಹರಾಜಿಗೂ ಅನ್ವಯಿಸುತ್ತದೆ. ಇನ್ನು, ಅಪ್ಪನ ಸಾಲ ಮಗ ತೀರಿಸಲೇಬೇಕು ಅನ್ನುವ ಮಾತು. ಸತ್ತ ಅಪ್ಪ ಬಿಟ್ಟುಹೋದ ಆಸ್ತಿ ಎಷ್ಟೋ ಅಷ್ಟರ ಮಟ್ಟಿಗೆ ಮಾತ್ರ ವಾರಸುದಾರ ಜವಾಬ್ದಾರ. ಮಗ ಅನ್ನುವ ಒಂದೇ ಕಾರಣಕ್ಕೆ ಅವನ ಸ್ವಂತ ದುಡಿಮೆಗೆ ಕೈ ಹಾಕುವಂತಿಲ್ಲ. ಪಿತೃಋಣದ ಹೆಸರಿನ ಆ ಹಳೇ ಹೊಣೆಯನ್ನು 2005ರ ಹಿಂದೂ ಉತ್ತರಾಧಿಕಾರ ತಿದ್ದುಪಡಿ ತೆಗೆದುಹಾಕಿತು.

ಸಂಬಳದಾರ ಸಿಕ್ಕರೆ ವಸೂಲಿ ಸುಲಭ ಅನ್ನುತ್ತಾರೆ. ಒಂದು ಮಟ್ಟಿಗೆ ಹೌದು. ಕೋರ್ಟು ಅವನ ಕಚೇರಿಗೆ ಆದೇಶ ಕಳಿಸುತ್ತದೆ, ಪ್ರತಿ ತಿಂಗಳು ಕಡಿತವಾಗಿ ಬರುತ್ತದೆ. ಆದರೆ ಅದಕ್ಕೂ ಮಿತಿ ಇದೆ. ವಿನಾಯಿತಿ ಇರುವ ಭತ್ಯೆಗಳನ್ನು ಬಿಟ್ಟು 40,000 ಸಂಬಳ ಇದೆ ಅನ್ನಿ. ಮೊದಲ 1,000 ಮುಟ್ಟುವಂತಿಲ್ಲ. ಉಳಿದ 39,000ದಲ್ಲಿ ಮೂರನೇ ಎರಡು ಪಾಲನ್ನೂ ಮುಟ್ಟುವಂತಿಲ್ಲ. ತಿಂಗಳಿಗೆ ಸಿಗುವುದು 13,000. ಅದೂ ಒಂದೇ ಡಿಕ್ರಿಗೆ ಒಟ್ಟು 24 ತಿಂಗಳು ಮಾತ್ರ. ಅಲ್ಲಿಗೆ 3,12,000. ಸಾಲ 5 ಲಕ್ಷ ಇದ್ದರೆ ಮಿಕ್ಕಿದ್ದಕ್ಕೆ ಬೇರೆ ದಾರಿ ಹುಡುಕಬೇಕು. ಆ ಡಿಕ್ರಿಗೆ ಆ ಸಂಬಳ ಅಲ್ಲಿಗೆ ಮುಗಿಯಿತು.

ಜೈಲು? "ಒಳಗ್ ಹಾಕಿಸ್ತೀನಿ ನೋಡು" ಅಂತ ಬಯ್ಯುವವರು ಬಹಳ. ಸಿವಿಲ್ ಜೈಲು ಅನ್ನುವುದು ಇದೆ. ಡಿಕ್ರಿ ಮೊತ್ತ 5,000 ದಾಟಿದರೆ ಮೂರು ತಿಂಗಳವರೆಗೆ, 2,000ದಿಂದ 5,000ದ ಒಳಗಿದ್ದರೆ ಆರು ವಾರದವರೆಗೆ. 2,000 ಅಥವಾ ಅದಕ್ಕಿಂತ ಕಡಿಮೆಯಾದರೆ ಇಲ್ಲ. ಹಣದ ಡಿಕ್ರಿಗೆ ಹೆಂಗಸರನ್ನು ಬಂಧಿಸುವಂತಿಲ್ಲ. ಸೂರ್ಯ ಮುಳುಗಿದ ಮೇಲೆ ಬಂಧನಕ್ಕೆ ಯಾರ ಮನೆಯನ್ನೂ ಹೊಗುವಂತಿಲ್ಲ. ಇನ್ನೊಂದು ತಮಾಷೆ ಏನೆಂದರೆ, ಒಳಗೆ ಹೋದವನ ಊಟದ ಖರ್ಚನ್ನು ಸಾಲ ಕೊಟ್ಟವನೇ ಕಟ್ಟಬೇಕು. ರೊಕ್ಕವೂ ಹೋಯಿತು, ಮೇಲೆ ಅವನಿಗೆ ಊಟವನ್ನೂ ಹಾಕಬೇಕು! ಅವನು ಹೊರಗೆ ಬಂದರೆ ಸಾಲ ಹಾಗೇ ಇರುತ್ತದೆ, ಆದರೆ ಅದೇ ಡಿಕ್ರಿಗೆ ಅವನನ್ನು ಮತ್ತೆ ಬಂಧಿಸುವಂತಿಲ್ಲ.

ಮುಖ್ಯವಾದ ಮಾತು ಇನ್ನೂ ಒಂದಿದೆ. 1980ರಲ್ಲಿ ಕೇರಳದ ಒಂದು ಬ್ಯಾಂಕ್ ಸಾಲದ ಪ್ರಕರಣ ಸುಪ್ರೀಂ ಕೋರ್ಟಿಗೆ ಹೋಯಿತು. ಬಡತನಕ್ಕೆ ಯಾರನ್ನೂ ಜೈಲಿಗೆ ಕಳಿಸುವಂತಿಲ್ಲ ಅಂತ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಬರೆದರು. ಸಾಲ ಬಾಕಿ ಇದೆ ಅನ್ನುವುದು ಸಾಲದು. ಕೊಡುವ ಶಕ್ತಿ ಇದ್ದೂ ಕೆಟ್ಟ ಮನಸ್ಸಿನಿಂದ ಕೊಡುತ್ತಿಲ್ಲ ಅಂತ ತೋರಿಸಬೇಕು. ಆ ತೀರ್ಪಿಗೆ ನಾನು ಕೈ ಮುಗಿಯುತ್ತೇನೆ. ಅದಿಲ್ಲದಿದ್ದರೆ ಮಳೆ ಕೈಕೊಟ್ಟ ವರ್ಷ ನಮ್ಮ ಸಣ್ಣ ಒಕ್ಕಲಿಗರ ಗತಿ ಏನು?

ಆದರೆ ತೋರಿಸಬೇಕಾದವರು ಯಾರು? ಕಾಕಾ. ಅವನ ಹೆಸರಿನಲ್ಲಿ ಏನಿದೆ, ಎಲ್ಲಿದೆ, ಯಾವ ಬ್ಯಾಂಕಿನಲ್ಲಿ ಖಾತೆ ಇದೆ ಅಂತ ಹುಡುಕಿ ಅರ್ಜಿಯಲ್ಲಿ ಬರೆಯುವುದು ಗೆದ್ದವನ ಕೆಲಸ. ಜಪ್ತಿಗೆ ಬರುವ ಅಮೀನ ಪತ್ತೇದಾರನಲ್ಲ. ಅವನ ಕೈಯಲ್ಲಿರುವ ಪಟ್ಟಿಯಲ್ಲಿ ಇದ್ದದ್ದನ್ನು ಎತ್ತುತ್ತಾನೆ, ಇಲ್ಲದಿದ್ದರೆ "ಜಪ್ತಿ ಮಾಡುವಂಥ ವಸ್ತು ಕಂಡುಬರಲಿಲ್ಲ" ಅಂತ ಷರಾ ಬರೆದು ವಾರಂಟ್ ವಾಪಸ್ ಕೊಡುತ್ತಾನೆ. ನಿಜಾಮರ ಕಾಲದಿಂದ ಅಮೀನ, ನಾಜರ್, ಜಪ್ತಿ ಅನ್ನುವ ಶಬ್ದಗಳು ನಮ್ಮ ಮಾತಿನಲ್ಲಿ ಉಳಿದಿವೆ. ಹಳಬರ ಕಿವಿಗೆ ಅವು ಇವತ್ತಿಗೂ ಭಯದ ಶಬ್ದಗಳು. ಆದರೆ ಆ ಭಯ ಇರುವುದು ಮರ್ಯಾದೆಗೆ ಅಂಜುವವರಿಗೆ. ಮನೆ ಮುಂದೆ ಅಮೀನ ಬಂದರೆ ನಾಚಿಕೆ ಅಂತ ಹೆಂಡತಿಯ ಬಂಗಾರ ಒತ್ತೆ ಇಟ್ಟು ಕಟ್ಟುವವನು ಅಂಥವನೇ. ನಮ್ಮ ಗುತ್ತಿಗೆದಾರ ಅಮೀನನಿಗೆ ಚಹಾ ಹೇಳಿದ. ಅಂಗಳದಲ್ಲಿ ನಿಂತ ಸ್ಕಾರ್ಪಿಯೋ ಅವನ ಅಳಿಯನ ಹೆಸರಿನಲ್ಲಿತ್ತು.

ಇದಕ್ಕೆ ಮದ್ದು ಕಾನೂನಿನಲ್ಲಿ ಇಲ್ಲವೇ ಅಂದರೆ, ಇದೆ. ಹಳೇ ಮದ್ದೇ, ಆದರೆ ಡಬ್ಬಿ ತೆಗೆಯುವವರು ಕಡಿಮೆ. ಸಂಹಿತೆಯ 21ನೇ ಆದೇಶದ 41ನೇ ನಿಯಮ. ಹಣದ ಡಿಕ್ರಿ 30 ದಿನ ತೀರದೆ ಉಳಿದರೆ, ಸಾಲಗಾರ ತನ್ನ ಆಸ್ತಿಯ ಪೂರ್ತಿ ವಿವರವನ್ನು ಪ್ರಮಾಣಪತ್ರದ ಮೇಲೆ ಕೊಡಬೇಕು ಅಂತ ಕೋರ್ಟು ಆದೇಶಿಸಬಹುದು. ಅದಕ್ಕೆ ಅಂತಲೇ 16ಎ ನಮೂನೆ ಇದೆ. ಕೊಡದಿದ್ದರೆ ಮೂರು ತಿಂಗಳವರೆಗೆ ಸಿವಿಲ್ ಜೈಲು. ಇಲ್ಲಿ ಜೈಲು ಆಗುವುದು ಸಾಲಕ್ಕಲ್ಲ, ಕೋರ್ಟು ಕೇಳಿದ ಪ್ರಶ್ನೆಗೆ ಉತ್ತರ ಕೊಡದಿದ್ದಕ್ಕೆ. ಬಡವನಿಗೆ ಇದರಿಂದ ಏನೂ ನಷ್ಟವಿಲ್ಲ. ಅವನು "ಎರಡು ಎಕರೆ, ಒಂದು ಎಮ್ಮೆ, ಸಂಘದ ಸಾಲ" ಅಂತ ಬರೆದುಕೊಟ್ಟರೆ ಮುಗಿಯಿತು, ಅವನ ಮಾತು ದಾಖಲಾಯಿತು. ಕಷ್ಟ ಆಗುವುದು ಅಳಿಯನ ಹೆಸರಿನ ಗಾಡಿಯಲ್ಲಿ ಓಡಾಡುವವನಿಗೆ. ಸುಳ್ಳು ಬರೆದರೆ ಸುಳ್ಳು ಪ್ರಮಾಣದ ಅಪರಾಧ, ನಿಜ ಬರೆದರೆ ಜಪ್ತಿ.

ಕೊಡಲಾಗದವನು ಯಾರು, ಕೊಡದವನು ಯಾರು ಅಂತ ಬೇರೆ ಮಾಡುವ ಜರಡಿ ಇದೊಂದೇ. ಆದರೆ ನಮ್ಮ ತಾಲ್ಲೂಕು ಕೋರ್ಟುಗಳಲ್ಲಿ ಮೊದಲು ಕೇಳುವುದು ಬಂಧನ ಅಥವಾ ಮನೆ ಸಾಮಾನಿನ ಜಪ್ತಿ. ಆಸ್ತಿ ಪ್ರಮಾಣಪತ್ರ ಕೇಳುವುದು ಎಲ್ಲ ಸೋತ ಮೇಲೆ. ಇದು ತಲೆಕೆಳಗು. 2021ರ ತೀರ್ಪು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ಹಣದ ದಾವೆಯಲ್ಲಿ ವಿವಾದಾಂಶ ಗೊತ್ತುಮಾಡುವ ಮೊದಲೇ ಪ್ರತಿವಾದಿಯಿಂದ ಆಸ್ತಿ ವಿವರ ಕೇಳಬಹುದು, ಬೇಕೆಂದರೆ ಭದ್ರತೆಯನ್ನೂ ಕೇಳಬಹುದು ಅಂದಿದೆ. ಆರು ತಿಂಗಳ ಗಡುವು ಪತ್ರಿಕೆಗಳಲ್ಲಿ ದಪ್ಪ ಅಕ್ಷರದಲ್ಲಿ ಬಂತು. ಈ ಸಾಲು ನನ್ನ ಕಣ್ಣಿಗೆ ಬೀಳಲಿಲ್ಲ. ಗಡುವಿಗಿಂತ ಇದೇ ದೊಡ್ಡದು ಅನ್ನುವುದು ನನ್ನ ಅನಿಸಿಕೆ. ಏನಿದೆ ಅಂತ ಗೊತ್ತಿಲ್ಲದೆ ಆರು ತಿಂಗಳಲ್ಲಿ ಏನನ್ನು ಜಪ್ತಿ ಮಾಡೋದು?

ಕಾಕಾ ಮಾಡಿದ ದೊಡ್ಡ ತಪ್ಪು ಕಾದದ್ದು. ಬೀಗರ ಕಡೆಯವನು, ನೋಡೋಣ ಅಂತ ಕಾದರು. ಡಿಕ್ರಿ ಆಗಿ ಎರಡು ವರ್ಷದೊಳಗೆ ಅರ್ಜಿ ಹಾಕಿದರೆ, ಆಸ್ತಿ ಜಪ್ತಿಗೆ ಮುಂಚೆ ನೋಟಿಸ್ ಕೊಡಬೇಕಾದ ಅಗತ್ಯ ಸಾಮಾನ್ಯವಾಗಿ ಇರುವುದಿಲ್ಲ. ಎರಡು ವರ್ಷ ದಾಟಿದರೆ ಮೊದಲು ನೋಟಿಸ್ ಹೋಗಬೇಕು. ಆದೇಶ ಜಾರಿಕಾರ ನೋಟಿಸ್ ಹಿಡಿದು ಹೋದಾಗ ಮನೆಗೆ ಬೀಗ. ಮತ್ತೊಂದು ತಾರೀಖು. ಆಮೇಲೆ "ಊರಲ್ಲಿಲ್ಲ". ಇಷ್ಟರಲ್ಲಿ ಅವನು ಕಲಬುರಗಿಯ ಒಂದು ನಿವೇಶನವನ್ನು ಹೆಂಡತಿಯ ಹೆಸರಿಗೆ ದಾನಪತ್ರ ಮಾಡಿದ್ದ. ಹೊಲವನ್ನು ಅಣ್ಣತಮ್ಮಂದಿರು ವಾಟ್ನಿ ಮಾಡಿಕೊಂಡಿದ್ದರು. ಅವನ ಪಾಲಿಗೆ ಬಂದದ್ದು ಕಲ್ಲು ಹೊಲ ಮಾತ್ರ. ಸಾಲ ಕೊಟ್ಟವರಿಗೆ ಕೈ ಕೊಡಲು ಮಾಡಿದ ವರ್ಗಾವಣೆಯನ್ನು ರದ್ದು ಮಾಡಿಸಬಹುದು. ಆಸ್ತಿ ವರ್ಗಾವಣೆ ಕಾಯ್ದೆಯ 53ನೇ ಕಲಂ ಇರುವುದೇ ಅದಕ್ಕೆ. ಆದರೆ ಅದು ಇನ್ನೊಂದು ದಾವೆ. ಒಂದು ದಾವೆ ಗೆಲ್ಲಲು ಇನ್ನೊಂದು, ಅದನ್ನು ಗೆಲ್ಲಲು ಮತ್ತೊಂದು.

ಮೊದಲೇ ಜಪ್ತಿ ಆಗಿದ್ದರೆ ಕಥೆ ಬೇರೆ ಇರುತ್ತಿತ್ತು. ಜಪ್ತಿಯಾದ ಮೇಲೆ ಮಾಡಿದ ಖಾಸಗಿ ಮಾರಾಟ, ದಾನ ಜಪ್ತಿದಾರನ ಮುಂದೆ ನಡೆಯೋದಿಲ್ಲ. ಜಪ್ತಿ ಆದೇಶವನ್ನು ಊರಲ್ಲಿ ಡಂಗುರ ಹೊಡೆದು ಸಾರಬೇಕು ಅಂತ ಸಂಹಿತೆಯಲ್ಲಿ ಇವತ್ತಿಗೂ ಬರೆದಿದೆ. ಪಹಣಿಯ 11ನೇ ಕಾಲಂನಲ್ಲಿ ಅದರ ಬೋಜಾ (ಋಣಭಾರ) ಕೂತಿತು ಅಂದರೆ, ಭೂಮಿ ವೆಬ್‌ಸೈಟಿನಲ್ಲಿ ನೋಡುವ ಯಾವ ಖರೀದಿದಾರನೂ ಹಿಂದೆ ಸರಿಯುತ್ತಾನೆ. ಡಂಗುರಕ್ಕಿಂತ ಈಗ ಅದರ ಸದ್ದೇ ಜೋರು. ದಾವೆ ನಡೆಯುವಾಗಲೇ ಆಸ್ತಿ ಜಪ್ತಿ ಕೇಳುವ ಅವಕಾಶ 38ನೇ ಆದೇಶದಲ್ಲಿದೆ. ಆದರೆ ಅವನು ಆಸ್ತಿ ಮಾರಿ ಓಡಲು ಹೊರಟಿದ್ದಾನೆ ಅಂತ ಕಾರಣ ಸಮೇತ ತೋರಿಸಬೇಕು. ಸುಮ್ನೆ ಅನುಮಾನಕ್ಕೆ ಕೋರ್ಟು ಕೊಡೋದಿಲ್ಲ, ಕೊಡಲೂಬಾರದು.

ನಮ್ಮ ಮೂರು ಜಿಲ್ಲೆಗೆ ಇನ್ನೂ ಒಂದು ವಿಶೇಷ ತೊಂದರೆ ಇದೆ. ಗಡಿ. ಆಳಂದ ದಾಟಿದರೆ ಮಹಾರಾಷ್ಟ್ರ, ಬೀದರ್ ದಾಟಿದರೆ ತೆಲಂಗಾಣ. ದುಡಿಯಲು ಜನ ಪುಣೆ, ಮುಂಬೈ, ಹೈದರಾಬಾದಿಗೆ ಹೋಗುತ್ತಾರೆ. ಸಾಲಗಾರನೂ ಹೋಗುತ್ತಾನೆ. ಡಿಕ್ರಿ ಕೊಟ್ಟ ಕೋರ್ಟು ತನ್ನ ಹದ್ದಿನ ಹೊರಗಿರುವ ವ್ಯಕ್ತಿಯ ಮೇಲಾಗಲೀ ಆಸ್ತಿಯ ಮೇಲಾಗಲೀ ನೇರ ಅಮಲ್ಜಾರಿ ಮಾಡುವಂತಿಲ್ಲ. ಡಿಕ್ರಿಯನ್ನು ಅಲ್ಲಿನ ಕೋರ್ಟಿಗೆ ವರ್ಗಾಯಿಸಬೇಕು. ಅಲ್ಲಿ ಬೇರೆ ವಕೀಲ, ಬೇರೆ ಭಾಷೆ. ಸೊಲ್ಲಾಪುರಕ್ಕೆ ಬಸ್ಸಿನಲ್ಲಿ ಹೋಗಿಬರುವುದು ಕಷ್ಟವಲ್ಲ. ಪ್ರತಿ ತಾರೀಖಿಗೂ ಅಂಗಡಿ ಮುಚ್ಚಿ ಪುಣೆಗೆ ಹೋಗುವುದು ಕಷ್ಟ. ಮೂರನೇ ತಾರೀಖಿಗೆ ಮನುಷ್ಯ ಸೋಲುತ್ತಾನೆ.

ಹರಾಜಿನ ಕಥೆಯೂ ಹೀಗೇ. ಕಾಗದದ ಮೇಲೆ ಎಲ್ಲ ಸರಿ ಇದೆ. ಮಾರಾಟದ ಘೋಷಣೆ, ಸ್ಥಿರಾಸ್ತಿಗೆ ಕನಿಷ್ಠ 15 ದಿನದ ಅವಕಾಶ, ಕೂಗಿದವನು ಅಲ್ಲೇ ಕಾಲು ಭಾಗ ಕಟ್ಟಬೇಕು, ಉಳಿದದ್ದು 15 ದಿನದಲ್ಲಿ. ಆದರೆ ಊರಿನ ಹೊಲವನ್ನು ಊರವನು ಕೂಗುತ್ತಾನಾ? "ಮಂದಿ ಮನಿ ಮುರಿದ್ ಹೊಲ ನಮಗ್ಯಾಕ" ಅನ್ನುತ್ತಾರೆ. ಹೊರಗಿನವನು ಬಂದರೆ ನಾಳೆ ಉಳುಮೆಗೆ ದಾರಿ ಬಿಡುವುದಿಲ್ಲ. ಕೋರ್ಟಿನ ಅನುಮತಿ ಪಡೆದು ಡಿಕ್ರಿದಾರನೇ ಕೂಗಬಹುದು. ಹಾಗೆ ಹೊಲ ಪಡೆದ ಮೇಲೆ ಆ ಊರಿಗೆ ಕಾಲಿಡುವ ಧೈರ್ಯ ಬೇಕು. ಹರಾಜಾದ ಮೇಲೂ ಸಾಲಗಾರನಿಗೆ 60 ದಿನ ಇರುತ್ತದೆ. ಬಾಕಿ ಹಣದ ಜೊತೆಗೆ ಖರೀದಿದಾರನಿಗೆ ಶೇ 5 ಸೇರಿಸಿ ಕಟ್ಟಿದರೆ ಹೊಲ ಉಳಿಯುತ್ತದೆ. ನನಗೆ ಗೊತ್ತಿದ್ದ ಮಟ್ಟಿಗೆ ರೊಕ್ಕ ಹೊರಗೆ ಬರುವುದು ಈ ಹಂತದಲ್ಲೇ. ಇಲ್ಲ ಇಲ್ಲ ಅಂದವನು ಐವತ್ತೈದನೇ ದಿನ ಚೀಲ ಹಿಡಿದು ಬರುತ್ತಾನೆ.

ಕೊಡದ ಸಾಲಗಾರ ಅಂದರೆ ಖಾಸಗಿಯವನೇ ಆಗಬೇಕಿಲ್ಲ, ಸರ್ಕಾರವೂ ಆ ಸಾಲಿನಲ್ಲಿದೆ. ಕೃಷ್ಣಾ ಮೇಲ್ದಂಡೆ, ಕಾರಂಜಾ, ಬೆಣ್ಣೆತೊರಾ ಅಂತ ನಮ್ಮ ಕಡೆ ನೀರಾವರಿಗೆ ಹೋದ ಭೂಮಿ ಕಡಿಮೆಯೇನಲ್ಲ. ಪರಿಹಾರ ಸಾಲದು ಅಂತ ರೈತರು ಕೋರ್ಟಿಗೆ ಹೋಗುತ್ತಾರೆ, ಕೋರ್ಟು ಹೆಚ್ಚಿಸುತ್ತದೆ, ಹಣ ಬರುವುದಿಲ್ಲ. ಸರ್ಕಾರದ ಮೇಲಿನ ಡಿಕ್ರಿ ಮೂರು ತಿಂಗಳು ತೀರದೆ ಉಳಿದ ಮೇಲೆ ಅಮಲ್ಜಾರಿ ಶುರುವಾಗಬಹುದು. ಆಗ ಪತ್ರಿಕೆಯಲ್ಲಿ ಫೋಟೊ ಬರುತ್ತದೆ. ಕಚೇರಿಯ ಕುರ್ಚಿ, ಕಂಪ್ಯೂಟರ್, ಸಾಹೇಬರ ಜೀಪು ಟಂಟಂ ಪಕ್ಕ ಸಾಲಾಗಿ ನಿಂತಿರುತ್ತವೆ. ಅಪಘಾತದ ಪರಿಹಾರ ಕೊಡದ್ದಕ್ಕೆ ಸಾರಿಗೆ ಬಸ್ ಜಪ್ತಿಯಾದ ಸುದ್ದಿಯೂ ಆಗಾಗ ಇರುತ್ತದೆ. ಓದಿ ನಗುತ್ತೇವೆ. ಆದರೆ ಭೂಸ್ವಾಧೀನದ ಬಾಕಿಗೆ ಬಡ್ಡಿ ಎಷ್ಟು ಗೊತ್ತಾ? ಮೊದಲ ವರ್ಷ ಶೇ 9, ಆಮೇಲೆ ಶೇ 15. ಖಾಸಗಿ ಸಾಲಗಾರ ಶೇ 6 ಕೊಡುವುದಾದರೆ ಎಳೆಯುವುದರಲ್ಲಿ ಅವನಿಗೆ ಲಾಭ ಇದೆ ಅಂದೆ. ಸರ್ಕಾರಕ್ಕೆ ಎಳೆದಷ್ಟೂ ನಷ್ಟ. ಆದರೂ ಎಳೆಯುತ್ತದೆ, ಯಾಕೆಂದರೆ ಆ ಶೇ 15 ಯಾವ ಅಧಿಕಾರಿಯ ಜೇಬಿನಿಂದಲೂ ಹೋಗುವುದಿಲ್ಲ. ಅಲ್ವಾ? ಜನರ ರೊಕ್ಕದಲ್ಲಿ ಜನರಿಗೇ ತಡದ ಬಡ್ಡಿ.

ಇಷ್ಟೆಲ್ಲ ನೋಡಿದ ಜನ ಸಿವಿಲ್ ದಾರಿಯನ್ನೇ ಬಿಟ್ಟು ಬೇರೆ ದಾರಿ ಹುಡುಕಿಕೊಂಡಿದ್ದಾರೆ. ಕಲಬುರಗಿಯ ಗಂಜ್ ಮಾರುಕಟ್ಟೆಯಲ್ಲಿ ಈಗ ಪ್ರಾಮಿಸರಿ ನೋಟಿಗಿಂತ ಸಹಿ ಹಾಕಿದ ಖಾಲಿ ಚೆಕ್ಕಿಗೆ ಬೆಲೆ ಜಾಸ್ತಿ. ಚೆಕ್ ಬೌನ್ಸ್ ಆದರೆ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಕಲಂ, ಎರಡು ವರ್ಷದವರೆಗೆ ಜೈಲು ಅಥವಾ ಚೆಕ್ಕಿನ ಎರಡು ಪಟ್ಟಿನವರೆಗೆ ದಂಡ, ಇಲ್ಲವೇ ಎರಡೂ. ಅದು ಕ್ರಿಮಿನಲ್ ಕೇಸು ಆದ್ದರಿಂದ ಸಾಲಗಾರ ಅಂಜುತ್ತಾನೆ. ಪರಿಣಾಮವಾಗಿ ಸಿವಿಲ್ ಕೋರ್ಟಿನ ಸಾಲ ವಸೂಲಿ ಕೆಲಸವನ್ನು ಮ್ಯಾಜಿಸ್ಟ್ರೇಟ್ ಕೋರ್ಟು ಹೊತ್ತುಕೊಂಡಿದೆ. ಅಲ್ಲೂ ಸಾಲು ಉದ್ದ ಆಗಿದೆ. ಬ್ಯಾಂಕುಗಳಿಗೆ ಅವುಗಳದೇ ಕಾಯ್ದೆಗಳಿವೆ, ಅಡಮಾನದ ಮನೆಯನ್ನು ಕೋರ್ಟಿಗೆ ಹೋಗದೇ ವಶಕ್ಕೆ ಪಡೆಯಬಹುದು. ಉಳಿದವನು ಕಾಕಾನಂಥ ಅಂಗಡಿಕಾರ.

ಮತ್ತೆ ಆ ಮೂರನೇ ದಾರಿ. ಮನೆ ಮುಂದೆ ಹುಡುಗರನ್ನು ನಿಲ್ಲಿಸುವುದು, ಬೈಕ್ ಎತ್ತಿಕೊಂಡು ಹೋಗುವುದು, ಹೆಂಗಸರಿಗೆ ಕೇಳುವ ಹಾಗೆ ಬಯ್ಯುವುದು. ಮೈಕ್ರೊ ಫೈನಾನ್ಸ್ ಕಾಟ ಮಿತಿ ಮೀರಿದಾಗ 2025ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರ ಸುಗ್ರೀವಾಜ್ಞೆ ತಂದು, ಬಲವಂತದ ವಸೂಲಿಗೆ 10 ವರ್ಷದವರೆಗೆ ಜೈಲು ಅಂತ ಮಾಡಿತು. ಬೇಕಾಗಿದ್ದ ಕಾನೂನೇ. ಲೈಸನ್ಸ್ ಇಲ್ಲದೆ ಬಡ್ಡಿ ವ್ಯವಹಾರ ಮಾಡುವವನಿಗೆ ಕೋರ್ಟು ಡಿಕ್ರಿಯನ್ನೂ ಕೊಡೋದಿಲ್ಲ, 1961ರ ಲೇವಾದೇವಿ ಕಾಯ್ದೆಯೇ ಹಾಗೆ ಹೇಳುತ್ತದೆ. ಆದರೆ ಬಲವಂತದ ದಾರಿ ಮುಚ್ಚಿದ ಸರ್ಕಾರ, ನೆಟ್ಟಗಿನ ದಾರಿಯಲ್ಲಿ ಬಿದ್ದ ಮುಳ್ಳನ್ನು ತೆಗೆದಿಲ್ಲ. ಕೋರ್ಟಿನಲ್ಲಿ ಆರು ವರ್ಷ ಹಿಡಿಯುವ ಕೆಲಸ ಹುಡುಗರಿಂದ ಆರು ದಿನದಲ್ಲಿ ಆಗುತ್ತದೆ ಅನ್ನುವ ನಂಬಿಕೆ ಇರುವವರೆಗೂ ಹುಡುಗರಿಗೆ ಕೆಲಸ ಸಿಗುತ್ತದೆ.

ಕಾಕಾನ ಕೇಸಿನಲ್ಲಿ ಗಂಟು ಬಿಚ್ಚಿದ್ದು ಒಂದು ಹಳೇ ಚೆಕ್ಕು. ಸಾಲ ತೆಗೆದುಕೊಂಡ ಹೊಸದರಲ್ಲಿ ಅವನು ಬಡ್ಡಿಗೆ ಅಂತ 8,000ದ ಚೆಕ್ಕು ಕೊಟ್ಟಿದ್ದ. ಕಾಕಾ ಅದನ್ನು ಖಾತೆಗೆ ಹಾಕಿದ್ದರು. ಅದರ ಫೋಟೊ ಫೋನಿನಲ್ಲಿ ಇತ್ತು, ಖಾತೆ ನಂಬರು ಅದರಲ್ಲಿತ್ತು. ಹೊಸ ವಕೀಲರು ಎರಡು ಕೆಲಸ ಒಟ್ಟಿಗೇ ಮಾಡಿದರು. ಆ ಖಾತೆಯ ಹಣ ತಡೆಹಿಡಿಯಲು ಬ್ಯಾಂಕಿಗೆ ಆದೇಶ ಕೇಳಿದರು. ಜೊತೆಗೆ ಆಸ್ತಿ ಪ್ರಮಾಣಪತ್ರಕ್ಕೆ ಅರ್ಜಿ ಹಾಕಿದರು. ಖಾತೆಯಲ್ಲಿ ದೊಡ್ಡದೇನೂ ಇರಲಿಲ್ಲ. ಆದರೆ ಅವನು ಗುತ್ತಿಗೆ ಬಿಲ್ಲಿನ ಹಣ ಪಡೆಯುತ್ತಿದ್ದದ್ದು ಅದೇ ಖಾತೆಗೆ. ಅದು ನಿಂತಿತು ಅಂದರೆ ಕೆಲಸ ನಿಂತಿತು. ಜೈಲಿಗೆ ಹೆದರದವನು ಖಾತೆಗೆ ಹೆದರಿದ. ನಾಲ್ಕನೇ ದಿನ ಫೋನ್ ಬಂತು: "ಕಾಕಾ, ಕೂತು ಮಾತಾಡೋಣ್ರಿ."

ಕಂತಿನ ಮೇಲೆ ಒಪ್ಪಿಗೆಯಾಯಿತು. ಮೊದಲ ಕಂತು 1 ಲಕ್ಷ ಕೋರ್ಟಿನ ಮೂಲಕವೇ ಬಂತು. ಎರಡನೆಯದು 50,000, ಕೋರ್ಟಿನ ಎದುರಿನ ಚಹಾದಂಗಡಿಯಲ್ಲಿ ಕೈಯಿಂದ ಕೈಗೆ. ಇಬ್ಬರೂ ಚಹಾ ಕುಡಿದು ಎದ್ದರು. ಕಾಕಾ ಮನೆಗೆ ಬಂದು ಹೇಳಿದಾಗ ವಕೀಲರಿಗೆ ಫೋನ್ ಮಾಡಿದ್ದು ನಾನೇ. ಕೋರ್ಟಿನ ಹೊರಗೆ ಕೊಟ್ಟ ಹಣವನ್ನು ಕೋರ್ಟಿನಲ್ಲಿ ದಾಖಲು ಮಾಡಿಸದಿದ್ದರೆ, ಅಮಲ್ಜಾರಿ ಮಾಡುವ ಕೋರ್ಟು ಅದನ್ನು ಲೆಕ್ಕಕ್ಕೆ ಹಿಡಿಯುವಂತಿಲ್ಲ. 21ನೇ ಆದೇಶದ 2ನೇ ನಿಯಮ. ಕೊಟ್ಟವನು ಅದನ್ನು ದಾಖಲಿಸಿ ಅಂತ ಅರ್ಜಿ ಹಾಕಲು ಇರುವುದು 30 ದಿನ. ಸಾಲ ತೀರಿಸಿದ ಎಷ್ಟೋ ಬಡವರು ಇದು ಗೊತ್ತಿಲ್ಲದೆ ಎರಡನೇ ಸಲ ಕಟ್ಟಿದ್ದಾರೆ. ಈ ನಿಯಮ ಕೋರ್ಟಿನ ಬಾಗಿಲ ಮೇಲೆ ಕನ್ನಡದಲ್ಲಿ ಬರೆದು ಹಾಕುವಂಥದ್ದು.

"ಅವಾ ನನಗ ಆರು ವರ್ಷ ತಿರುಗಿಸ್ಯಾನ. ಈಗ ನಾ ಅವನ ಸಲುವಾಗಿ ಕೋರ್ಟಿಗಿ ಹೋಗ್ಬೇಕೇನು?" ಅಂದರು ಕಾಕಾ. ಬೈದುಕೊಂಡೇ ಹೋದರು. ಮರುದಿನ ಬೆಳಿಗ್ಗೆ ಇಬ್ಬರೂ ಅದೇ ಚಹಾದಂಗಡಿಯ ಮುಂದೆ ಸೇರಿ, ಮೆಟ್ಟಿಲು ಹತ್ತಿ, 50,000 ಪಾವತಿಯಾದ ಮೆಮೊಗೆ ಸಹಿ ಹಾಕಿ ಬಂದರು. ಮುಂದಿನ ಕಂತು ತೊಗರಿ ರಾಶಿ ಆದ ಮೇಲಂತೆ.